ತ್ರೆವಿ ಕಾರಂಜಿಯ ಆ ಫೋಟೊ ತೆಗೆದವರು ಯಾರು?

ಕನ್ನಡ ಸಿನಿಮಾ ಶುರುವಾಗುವಾಗ ಟೈಟಲ್ ಕಾರ್ಡಿನಲ್ಲಿ 'ಸ್ಥಿರಚಿತ್ರಣ' ಅಂತ ಒಂದು ಹೆಸರು ಬರುತ್ತದೆ. ಅದರ ಆಸುಪಾಸಿನಲ್ಲೇ 'ಪತ್ರಿಕಾ ಸಂಪರ್ಕ' ಅಂತ ಇನ್ನೊಂದು. ಕಣ್ಣು ಆ ಸಾಲಿಗೆ ಇಳಿಯುವ ಹೊತ್ತಿಗೆ ಕಾರ್ಡೇ ಹೋಗಿರುತ್ತದೆ. ಈ ಇಬ್ಬರು ನಿಜಕ್ಕೂ ಮಾಡುವುದೇನು ಅಂತ ತಿಳಿಯಬೇಕಾದರೆ 1950 ಮತ್ತು 60ರ ದಶಕದ ರೋಮ್ ನಗರಕ್ಕಿಂತ ಒಳ್ಳೆ ಜಾಗ ಇಲ್ಲ. ಇಟಾಲಿಯನ್ ಸಿನಿಮಾ ಅಂದ ಕೂಡಲೇ ನಮ್ಮ ಕಣ್ಣ ಮುಂದೆ ಬರುವ ಚಿತ್ರಗಳಲ್ಲಿ ಬಹಳಷ್ಟು ಸಿನಿಮಾದೊಳಗಿಂದ ಬಂದದ್ದಲ್ಲ. ಅವು ಈ ಇಬ್ಬರು ಕೊಟ್ಟದ್ದು.

ಒಂದು ಚಿತ್ರದಿಂದಲೇ ಶುರು ಮಾಡೋಣ. ರೋಮಿನ ತ್ರೆವಿ ಕಾರಂಜಿ. ನೀರಿನಲ್ಲಿ ಕಪ್ಪು ಗೌನು ತೊಟ್ಟ ಅನಿತಾ ಎಕ್‌ಬರ್ಗ್. ಎದುರಿಗೆ ಕಪ್ಪು ಸೂಟಿನ ಮಾರ್ಚೆಲ್ಲೊ ಮಸ್ತ್ರೊಯಾನಿ. ನಿರ್ದೇಶಕ ಫೆಲಿನಿಯ 'ಲಾ ದೋಲ್ಚೆ ವಿತಾ' ಸಿನಿಮಾ ನೋಡದವರಿಗೂ ಈ ಚಿತ್ರ ಗೊತ್ತು. ಇಟಾಲಿಯನ್ ಹೋಟೆಲ್ಲುಗಳ ಗೋಡೆ ಮೇಲೆ, ಕ್ಯಾಲೆಂಡರಿನಲ್ಲಿ, ಪುಸ್ತಕಗಳ ಹೊದಿಕೆ ಮೇಲೆ ಎಲ್ಲಾ ಕಡೆ ಇದೆ. ನಾವು ನೋಡುತ್ತಿರುವುದು ಸಿನಿಮಾದ ಒಂದು ತುಣುಕು ಅಂದುಕೊಳ್ಳುತ್ತೇವೆ. ಹೆಚ್ಚಿನ ಸಲ ಅಲ್ಲ. ಅದು ಸಿನಿಮಾ ಕ್ಯಾಮೆರಾದ ಪಕ್ಕದಲ್ಲಿ ನಿಂತು ಬೇರೆಯೇ ಕ್ಯಾಮೆರಾದಲ್ಲಿ ಒಬ್ಬ ಮನುಷ್ಯ ತೆಗೆದ ಫೋಟೊ. ಆ ಸಿನಿಮಾದ ಸ್ಥಿರಚಿತ್ರಣ ಪಿಯೆರ್ಲುಯಿಜಿ ಪ್ರಾತುರ್ಲೋನ್ ಅವರದು. ತಮ್ಮ ಕೆಲಸಕ್ಕೆ ಅವರು ಬರೀ 'ಪಿಯೆರ್ಲುಯಿಜಿ' ಅಂತ ಸಹಿ ಹಾಕುತ್ತಿದ್ದರು.

ಸಿನಿಮಾದಿಂದಲೇ ಒಂದು ಫ್ರೇಮ್ ಕತ್ತರಿಸಿ ಪೇಪರಿಗೆ ಕೊಡಬಹುದಿತ್ತಲ್ಲ, ಬೇರೆ ಫೋಟೊಗ್ರಾಫರ್ ಯಾಕೆ ಬೇಕು? ನನಗೂ ಮೊದಲು ಇದೇ ಅನುಮಾನ ಇತ್ತು. ಸಿನಿಮಾ ಕ್ಯಾಮೆರಾ ಸೆಕೆಂಡಿಗೆ 24 ಫ್ರೇಮ್ ತೆಗೆಯುತ್ತದೆ. ಒಂದೊಂದಕ್ಕೂ ಸುಮಾರು ಸೆಕೆಂಡಿನ ಐವತ್ತನೇ ಒಂದು ಭಾಗದಷ್ಟು ಬೆಳಕು ಸಿಗುತ್ತದೆ. ನಟಿ ಕೈ ಎತ್ತಿದರೆ ಆ ಒಂದು ಫ್ರೇಮಿನಲ್ಲಿ ಕೈ ಕಲಸಿಹೋಗಿರುತ್ತದೆ. ಓಡುವಾಗ ಕಣ್ಣಿಗೆ ಇದು ಗೊತ್ತಾಗುವುದಿಲ್ಲ, ನಿಲ್ಲಿಸಿದರೆ ಗೊತ್ತಾಗುತ್ತದೆ. ಸಿನಿಮಾ ರೀಲಿನ ಫ್ರೇಮು ಸೈಜಿನಲ್ಲೂ ಚಿಕ್ಕದು, ಅದೇ 35 ಎಂ.ಎಂ. ಫಿಲ್ಮ್ ಹಾಕಿದ ಲೈಕಾ ಕ್ಯಾಮೆರಾದ ಫೋಟೊಗೆ ಹೋಲಿಸಿದರೆ ಅರ್ಧದಷ್ಟು. ದೊಡ್ಡದು ಮಾಡಿದರೆ ಮರಳು ಮರಳಾಗಿ ಕಾಣುತ್ತದೆ. 'ಲಾ ದೋಲ್ಚೆ ವಿತಾ' ಥರದ ಸ್ಕೋಪ್, ಅಂದರೆ ಅಗಲ ತೆರೆಯ ಸಿನಿಮಾ ಆದರಂತೂ ರೀಲಿನ ಮೇಲೆ ಚಿತ್ರ ಅಡ್ಡಡ್ಡ ಹಿಂಡಿದ ಹಾಗೆ ಇರುತ್ತದೆ. ಜನ ಕಡ್ಡಿಗಳಂತೆ ಉದ್ದುದ್ದ ಕಾಣುತ್ತಾರೆ, ಪ್ರೊಜೆಕ್ಟರಿನ ಲೆನ್ಸು ಬಿಡಿಸಿದ ಮೇಲೆ ಸರಿಯಾಗುತ್ತದೆ. ಹಾಗಾಗಿ ಪೋಸ್ಟರಿಗೆ, ಪತ್ರಿಕೆಗೆ, ಥಿಯೇಟರ್ ಮುಂದಿನ ಗಾಜಿನ ಪೆಟ್ಟಿಗೆಗೆ ಬೇರೆ ಫೋಟೊ ಬೇಕೇ ಬೇಕಿತ್ತು.

ಆ ಕೆಲಸ ಮಾಡುವವರನ್ನು ಇಟಲಿಯಲ್ಲಿ 'ಫೊತೋಗ್ರಫೊ ದಿ ಶೇನಾ' ಅನ್ನುತ್ತಾರೆ. ದೃಶ್ಯದ ಫೋಟೊಗ್ರಾಫರ್ ಅಂತ ಅರ್ಥ. ನಿಲ್ಲುವ ಜಾಗ ಸಿನಿಮಾ ಕ್ಯಾಮೆರಾದ ಪಕ್ಕ, ಆದಷ್ಟು ಅದರ ಲೆನ್ಸಿಗೆ ಅಂಟಿಕೊಂಡೇ. ಎರಡಡಿ ಆಚೆ ಸರಿದರೆ ಲೈಟ್ ಸ್ಟ್ಯಾಂಡ್ ಚಿತ್ರದೊಳಗೆ ಬಂದುಬಿಡುತ್ತದೆ, ಮುಖದ ಮೇಲಿನ ನೆರಳು ಬದಲಾಗುತ್ತದೆ. ಶಾಟ್ ಮುಗಿದ ತಕ್ಷಣ ನಟರು ಜಾಗ ಬಿಡುವ ಮೊದಲು, ಲೈಟ್ ಆರಿಸುವ ಮೊದಲು, ಒಂದು ನಿಮಿಷ ಹಾಗೇ ಇರಿ ಅಂತ ಬೇಡಿಕೊಂಡು ಕ್ಲಿಕ್ ಮಾಡಬೇಕು. ಸೆಟ್ಟಿನಲ್ಲಿ ಎಲ್ಲರಿಗೂ ಆತುರ. ನಿರ್ದೇಶಕ ಆಗಲೇ ಮುಂದಿನ ಶಾಟ್ ಯೋಚನೆಯಲ್ಲಿರುತ್ತಾನೆ. ಆ ಒಂದು ನಿಮಿಷ ಗಿಟ್ಟಿಸುವುದೇ ಅರ್ಧ ಕೆಲಸ ಅಲ್ವಾ?

ಇಲ್ಲಿ ಇಟಲಿಯ ಒಂದು ವಿಶೇಷ ಇದೆ. ಹಾಲಿವುಡ್ಡಿನಲ್ಲಿ ಚಿತ್ರೀಕರಣದ ಹೊತ್ತಲ್ಲೇ ಮಾತು ರೆಕಾರ್ಡ್ ಆಗುತ್ತಿತ್ತು. ಅಲ್ಲಿ ಕ್ಯಾಮೆರಾ 'ಕ್ಲಿಕ್' ಅಂದರೆ ಟೇಕ್ ಹಾಳು. ಇಟಲಿಯಲ್ಲಿ ಆ ಕಾಲದ ಹೆಚ್ಚಿನ ಸಿನಿಮಾಗಳಿಗೆ ಮಾತು ಆಮೇಲೆ ಡಬ್ಬಿಂಗಿನಲ್ಲಿ ಸೇರುತ್ತಿತ್ತು, ನಮ್ಮ ಕನ್ನಡ ಸಿನಿಮಾಗಳಲ್ಲಿ ಬಹಳ ಕಾಲ ನಡೆದುಬಂದ ಹಾಗೆ. ಫೆಲಿನಿ ಅಂತೂ ಕೆಲವು ನಟರಿಗೆ ಸಂಭಾಷಣೆಯನ್ನೇ ಕೊಡದೆ ಸುಮ್ನೆ ಒಂದು, ಎರಡು, ಮೂರು ಎಣಿಸಿ ಅನ್ನುತ್ತಿದ್ದರು. ಶಾಟ್ ಓಡುತ್ತಿರುವಾಗಲೇ ಅವರು ಕೂಗಿ ಕೂಗಿ ಸೂಚನೆ ಕೊಡುತ್ತಿದ್ದರು. ಇಷ್ಟು ಗಲಾಟೆಯ ನಡುವೆ ಒಂದು ಶಟರ್ ಸದ್ದು ಯಾರಿಗೆ ತೊಂದರೆ? ಇಟಾಲಿಯನ್ ಸೆಟ್ಟಿನ ಫೋಟೊಗಳು ಅಷ್ಟು ಜೀವಂತವಾಗಿರುವುದಕ್ಕೆ ಇದೂ ಒಂದು ಕಾರಣ ಅಂತ ನನ್ನ ನಂಬಿಕೆ. ಮತ್ತೆ ಪೋಸ್ ಕೊಡಿಸುವ ಬದಲು ನಡೆಯುತ್ತಿರುವುದನ್ನೇ ಹಿಡಿಯಲು ಅವರಿಗೆ ಅವಕಾಶ ಜಾಸ್ತಿ ಇತ್ತು.

ತೆಗೆದ ಫೋಟೊ ಎಲ್ಲಿಗೆ ಹೋಗುತ್ತಿತ್ತು ಅನ್ನುವುದೂ ಮುಖ್ಯ. ಥಿಯೇಟರ್ ಬಾಗಿಲಲ್ಲಿ 'ಫೋತೊಬುಸ್ತಾ' ಅಂತ ದೊಡ್ಡ ಅಚ್ಚು ಹಾಳೆಗಳನ್ನು ಹಚ್ಚುತ್ತಿದ್ದರು. ಒಂದು ದೃಶ್ಯದ ಫೋಟೊ, ಸಿನಿಮಾ ಹೆಸರು, ನಟರ ಹೆಸರು. ಕಪ್ಪು ಬಿಳುಪು ಫೋಟೊಗೆ ಬಣ್ಣ ತುಂಬಿದ್ದೂ ಉಂಟು. ಗೋಡೆ ಪೋಸ್ಟರುಗಳನ್ನು ಕಲಾವಿದರು ಕುಂಚದಲ್ಲಿ ಬರೆಯುತ್ತಿದ್ದರು. ಅವರ ಮೇಜಿನ ಮೇಲೆ ನಟಿಯರು ಬಂದು ಕೂರುತ್ತಿರಲಿಲ್ಲ, ಈ ಫೋಟೊಗಳೇ ಇರುತ್ತಿದ್ದವು. 'ಚಿನೆರೊಮಾಂಜೊ' ಅಂತ ಪುಸ್ತಿಕೆಗಳೂ ಬರುತ್ತಿದ್ದವು. ಸಿನಿಮಾದ ಕಥೆಯನ್ನು ಸಾಲು ಸಾಲು ಫೋಟೊಗಳಲ್ಲಿ, ಕೆಳಗೆ ಮಾತು ಹಾಕಿ ಕೊಡುತ್ತಿದ್ದವು. ಟಾಕೀಸು ಇಲ್ಲದ ಊರಿನವರು ಸಿನಿಮಾವನ್ನು ಕೈಯಲ್ಲಿ ಹಿಡಿದು ಓದುತ್ತಿದ್ದರು.

ಈಗ ಹಣದ ವಿಷಯ. ಇದಿಲ್ಲದೆ ಮುಂದಿನದು ಅರ್ಥವಾಗುವುದಿಲ್ಲ. ಯುದ್ಧ ಮುಗಿದ ಮೇಲೆ ಅಮೆರಿಕನ್ ಸಿನಿಮಾಗಳು ಇಟಲಿಗೆ ಪ್ರವಾಹದ ಹಾಗೆ ನುಗ್ಗಿದವು, ದುಡ್ಡೂ ಮಾಡಿದವು. ಆ ಗಳಿಕೆಯಲ್ಲಿ ದೊಡ್ಡ ಪಾಲನ್ನು ಹೊರಗೆ ಒಯ್ಯದಂತೆ ಇಟಲಿ ಸರ್ಕಾರ ಕಟ್ಟಿಹಾಕಿತು. ಇಲ್ಲೇ ಖರ್ಚು ಮಾಡಿ ಅಂದಿತು. ಹಾಲಿವುಡ್ ಕಂಪನಿಗಳು ಆ ದುಡ್ಡಿನಲ್ಲಿ ರೋಮಿಗೇ ಬಂದು ಸಿನಿಮಾ ಮಾಡತೊಡಗಿದವು. ಕೂಲಿ ಕಡಿಮೆ, ಬಿಸಿಲು ಧಾರಾಳ, 1937ರಲ್ಲಿ ಶುರುವಾದ ಚಿನೆಚಿತ್ತಾ ಸ್ಟುಡಿಯೊ ಸಿದ್ಧವಾಗಿತ್ತು. 'ಕ್ವೊ ವಾದಿಸ್', 'ರೋಮನ್ ಹಾಲಿಡೇ', 'ಬೆನ್ ಹರ್', 'ಕ್ಲಿಯೊಪಾತ್ರಾ' ಎಲ್ಲಾ ಹೀಗೆ ರೋಮಿನಲ್ಲಿ ತಯಾರಾದವು. ಹಗಲು ಸೆಟ್ಟಿನಲ್ಲಿರುವ ತಾರೆಯರು ರಾತ್ರಿ ಎಲ್ಲಿ ಹೋಗುತ್ತಾರೆ? ವಿಯಾ ವೆನೆತೊ ಬೀದಿಯ ಕೆಫೆಗಳಿಗೆ. ಅವರ ಹಿಂದೆಯೇ ಸ್ಕೂಟರ್ ಏರಿ, ಕೊರಳಿಗೆ ಕ್ಯಾಮೆರಾ ಹಾಕಿಕೊಂಡ ಹುಡುಗರು ಬಂದರು.

ಅವರಲ್ಲಿ ಒಬ್ಬರು ತಾತ್ಸಿಯೊ ಸೆಕ್ಕಿಯರೋಲಿ. ಹುಟ್ಟಿದ್ದು 1925ರಲ್ಲಿ, ರೋಮ್ ಅಂಚಿನ ಬಡ ಬಡಾವಣೆ ಚೆಂತೊಚೆಲ್ಲೆಯಲ್ಲಿ. ಶುರುವಿಗೆ ಬೀದಿಯಲ್ಲಿ ಸೈನಿಕರ, ಪ್ರವಾಸಿಗರ ಫೋಟೊ ತೆಗೆದು ಅವರಿಗೇ ಮಾರುತ್ತಿದ್ದರು. 1955ರಲ್ಲಿ ಗೆಳೆಯನ ಜೊತೆ ಸೇರಿ 'ರೋಮಾ ಪ್ರೆಸ್ ಫೋಟೊ' ಅನ್ನುವ ಏಜೆನ್ಸಿ ಮಾಡಿದರು. 1958ರ ಆಗಸ್ಟ್‌ನ ಒಂದು ರಾತ್ರಿ ವಿಯಾ ವೆನೆತೊದಲ್ಲಿ ಪಟ್ಟ ಕಳೆದುಕೊಂಡಿದ್ದ ಈಜಿಪ್ಟಿನ ರಾಜ ಫಾರೂಕ್ ಇವರ ಮೇಲೆ ಎಗರಿದ. ಅದೇ ರಾತ್ರಿ ಇನ್ನೊಬ್ಬ ನಟನ ಜೊತೆಯೂ ಜಟಾಪಟಿ ಆಯಿತು. ಫೋಟೊಗಳು ಪತ್ರಿಕೆಯಲ್ಲಿ ಬಂದು ಗದ್ದಲವೋ ಗದ್ದಲ. ಸುಮ್ಮನೆ ನಗುತ್ತಾ ಕೂತ ತಾರೆಯ ಫೋಟೊಗಿಂತ ಸಿಟ್ಟಾಗಿ ಅಟ್ಟಿಸಿಕೊಂಡು ಬರುವ ತಾರೆಯ ಫೋಟೊಗೆ ಬೆಲೆ ಎಷ್ಟೋ ಪಟ್ಟು ಜಾಸ್ತಿ ಅನ್ನುವುದು ಆ ಹುಡುಗರಿಗೆ ಅರ್ಥವಾಗಿತ್ತು. ಒಬ್ಬ ಹತ್ತಿರ ಹೋಗಿ ಮುಖಕ್ಕೆ ಫ್ಲ್ಯಾಶ್ ಹೊಡೆದು ಕೆರಳಿಸುವುದು, ಇನ್ನೊಬ್ಬ ದೂರದಿಂದ ಜಗಳ ತೆಗೆಯುವುದು, ಹೀಗೆ ಜೋಡಿಯಾಗಿ ಕೆಲಸ ಮಾಡುತ್ತಿದ್ದರು.

ಫೆಲಿನಿ ಈ ಹುಡುಗರನ್ನು ಕರೆಸಿ, ಕೂರಿಸಿಕೊಂಡು, ಅವರ ಕಥೆಗಳನ್ನೆಲ್ಲ ಕೇಳಿದರು. ಅದರಿಂದ ಹುಟ್ಟಿದ್ದೇ 'ಲಾ ದೋಲ್ಚೆ ವಿತಾ'ದ ಫೋಟೊಗ್ರಾಫರ್ ಪಾತ್ರ. ಅವನ ಹೆಸರು ಪಾಪರಾತ್ಸೊ. ಅದರ ಬಹುವಚನವೇ ಇವತ್ತು ಬೆಂಗಳೂರಿನ ವಿಮಾನ ನಿಲ್ದಾಣದಲ್ಲಿ ನಟಿಯರ ಹಿಂದೆ ಓಡುವವರಿಗೂ ಅನ್ನುವ 'ಪಾಪರಾಜಿ'. ಒಂದು ಸಿನಿಮಾದ ಪಾತ್ರದ ಹೆಸರು ಜಗತ್ತಿನ ಎಷ್ಟೋ ಭಾಷೆಗಳಲ್ಲಿ ಒಂದು ಕಸುಬಿನ ಹೆಸರಾಗಿದ್ದು ಇದೊಂದೇ ಇರಬೇಕು.

ಈಗ ಮತ್ತೆ ತ್ರೆವಿ ಕಾರಂಜಿಗೆ. ಸಿನಿಮಾಕ್ಕೂ ಮೊದಲೇ, 1958ರ ಬೇಸಿಗೆಯಲ್ಲಿ, ಪಿಯೆರ್ಲುಯಿಜಿ ಅನಿತಾ ಎಕ್‌ಬರ್ಗ್ ಜೊತೆ ಡ್ಯಾನ್ಸ್ ಮುಗಿಸಿ ವಾಪಸ್ ಬರುತ್ತಿದ್ದರು. ಬರಿಗಾಲಲ್ಲಿ ಕುಣಿದು ಅನಿತಾ ಕಾಲಿಗೆ ಪೆಟ್ಟಾಗಿತ್ತು. ದಾರಿಯಲ್ಲಿ ಕಾರಂಜಿ ಕಂಡಿತು, ಕಾಲು ತೊಳೆಯಲು ನೀರಿಗಿಳಿದರು. ಪಿಯೆರ್ಲುಯಿಜಿ ಹೇಳಿಕೊಂಡ ಕಥೆ ಇದು. ಅವರು ಫೋಟೊ ತೆಗೆದರು, ಪತ್ರಿಕೆಯಲ್ಲಿ ಬಂತು, ಫೆಲಿನಿ ಕಣ್ಣಿಗೆ ಬಿತ್ತು. ಮರುವರ್ಷ ಅದೇ ಕಾರಂಜಿ, ಅದೇ ನಟಿ, ಈ ಸಲ ಸಿನಿಮಾಕ್ಕಾಗಿ. ಚಳಿ ಇನ್ನೂ ಬಿಟ್ಟಿರಲಿಲ್ಲ. ಅನಿತಾ ಗಂಟೆಗಟ್ಟಲೆ ತಣ್ಣೀರಲ್ಲಿ ನಿಂತರಂತೆ. ಮಸ್ತ್ರೊಯಾನಿಗೆ ಮಾತ್ರ ಸೂಟಿನ ಒಳಗೆ ರಬ್ಬರ್ ಉಡುಪು ಬೇಕಾಯಿತು, ಜೊತೆಗೆ ವೋಡ್ಕಾ. ಇದನ್ನು ಸೆರೆಹಿಡಿಯಲು ಪಕ್ಕದಲ್ಲಿ ಮತ್ತೆ ಅದೇ ಪಿಯೆರ್ಲುಯಿಜಿ.

ಇದನ್ನು ಸ್ವಲ್ಪ ನಿಧಾನವಾಗಿ ನೋಡಿ. ನಿಜವಾಗಿ ನಡೆದದ್ದರ ಫೋಟೊ. ಆ ಫೋಟೊದಿಂದ ಸಿನಿಮಾ. ಆ ಸಿನಿಮಾದ ಸೆಟ್ಟಿನಲ್ಲಿ ಮತ್ತೆ ಫೋಟೊ. ಕೊನೆಗೆ ಜನರ ಮನಸ್ಸಿನಲ್ಲಿ ಉಳಿದದ್ದೂ ಫೋಟೊ. ತೆರೆಮರೆ ಯಾವುದು, ತೆರೆ ಯಾವುದು ಅಂತ ಗೆರೆ ಎಳೆಯುವುದು ಕಷ್ಟ. ವಿಯಾ ವೆನೆತೊ ಬೀದಿಯನ್ನೂ ಫೆಲಿನಿ ಚಿನೆಚಿತ್ತಾದ ಐದನೇ ಸ್ಟೇಜಿನಲ್ಲಿ ಕಟ್ಟಿಸಿದರು. ನಿಜವಾದ ಬೀದಿ ಏರಿನಲ್ಲಿದೆ, ಸೆಟ್ಟಿನ ಬೀದಿ ಮಟ್ಟಸವಾಗಿದೆ. ಸಿನಿಮಾ ನೋಡುವಾಗ ಕೆಫೆಯ ಮೇಜುಗಳನ್ನು ಗಮನಿಸಿ, ಬೀದಿಗೆ ಇಳಿಜಾರೇ ಇಲ್ಲ.

ಸೆಕ್ಕಿಯರೋಲಿ ಕಥೆ ಅಲ್ಲಿಗೆ ಮುಗಿಯುವುದಿಲ್ಲ. ಬೀದಿಯಲ್ಲಿ ತಾರೆಯರನ್ನು ಬೆನ್ನಟ್ಟುತ್ತಿದ್ದವರು ಬಾಗಿಲೊಳಗೆ ಬಂದರು. ಫೆಲಿನಿಯ '8½' ಸೆಟ್ಟಿನಲ್ಲಿ ಫೋಟೊ ತೆಗೆದರು. 1964ರ ಹೊತ್ತಿಗೆ ಸೋಫಿಯಾ ಲೊರೆನ್ ಅವರ ಸ್ವಂತ ಫೋಟೊಗ್ರಾಫರ್ ಆಗಿ ಸುಮಾರು ಇಪ್ಪತ್ತು ವರ್ಷ ಜೊತೆಗಿದ್ದರು. ಕದ್ದು ತೆಗೆಯುತ್ತಿದ್ದವರಿಗೆ ಈಗ ಮೇಕಪ್ ಕೋಣೆಯ ಬಾಗಿಲು ತೆರೆದಿತ್ತು. ಅವರ ಎರಡನೇ ಕಾಲದ ಫೋಟೊಗಳೇ ನನಗೆ ಇಷ್ಟ. ಫ್ಲ್ಯಾಶ್ ಇಲ್ಲ, ಗುದ್ದಾಟ ಇಲ್ಲ. ಕಾಯುತ್ತಾ ಕೂತ ನಟರು, ಕೈ ಆಡಿಸುತ್ತಾ ವಿವರಿಸುವ ನಿರ್ದೇಶಕರು. ಸಿನಿಮಾ ಸೆಟ್ಟಿನಲ್ಲಿ ಮುಕ್ಕಾಲು ಪಾಲು ಹೊತ್ತು ಕಾಯುವುದೇ ಕೆಲಸ. ಆ ಕಾಯುವಿಕೆಯಲ್ಲಿ ಮುಖಗಳು ಹೇಗಿರುತ್ತವೆ ಅನ್ನುವುದು ಸಿನಿಮಾದಲ್ಲಿ ಎಂದೂ ಬರುವುದಿಲ್ಲ.

ಇನ್ನು ಎರಡನೇ ಮನುಷ್ಯ, ಪ್ರಚಾರದವರು. ಇಟಲಿಯಲ್ಲಿ ಈ ಕಸುಬಿಗೆ ರೂಪ ಕೊಟ್ಟವರು ಎನ್ರಿಕೊ ಲುಕೆರಿನಿ. ಮೊದಲು ನಾಟಕ ಕಂಪನಿಯಲ್ಲಿ ನಟರಾಗಿದ್ದರು. 1950ರ ದಶಕದ ಕೊನೆಗೆ ಸಿನಿಮಾ ಪ್ರಚಾರಕ್ಕೆ ಬಂದರು, ಆಮೇಲೆ ಮತ್ತೆಯೊ ಸ್ಪಿನೋಲಾ ಜೊತೆಗೂಡಿ ಕಚೇರಿ ನಡೆಸಿದರು. ಸಿನಿಮಾ ಚೆನ್ನಾಗಿದೆ ಅಂತ ಹೇಳಿದರೆ ಯಾವ ಪತ್ರಿಕೆಯೂ ಮುಖಪುಟ ಕೊಡುವುದಿಲ್ಲ, ಸೆಟ್ಟಿನಲ್ಲಿ ಏನೋ ಆಯಿತು ಅಂದರೆ ಕೊಡುತ್ತದೆ ಅನ್ನುವುದು ಅವರಿಗೆ ಗೊತ್ತಿತ್ತು. ಹಾಗಾಗಿ ಏನೋ ಆಗುವಂತೆ ಮಾಡುತ್ತಿದ್ದರು. ಹೆಸರುವಾಸಿ ಉದಾಹರಣೆ ರೊಸ್ಸೆಲ್ಲಿನಿಯ 'ವನೀನಾ ವನೀನಿ' ಸೆಟ್ಟಿನದು. ನಾಯಕಿ ಸಾಂದ್ರಾ ಮೀಲೊ ಅವರ ವಿಗ್ಗಿಗೆ ಮೇಣದಬತ್ತಿಯ ಬೆಂಕಿ ತಗುಲಿತು. ಸುದ್ದಿಯಾಯಿತು. ಬೆಂಕಿ ತಾನಾಗಿ ತಗುಲಿದ್ದಲ್ಲ, ತಗುಲಿಸಿದ್ದು ಅಂತ ಆಮೇಲೆ ಅವರೇ ಹೇಳಿಕೊಂಡರು. ಇಂಥ ಉಪಾಯಗಳಿಗೆ ಇಟಾಲಿಯನ್ನರು 'ಲುಕೆರಿನಾತೆ' ಅಂತಲೇ ಹೆಸರಿಟ್ಟರು.

ಅಂದರೆ ಇವರ ಕಾಲದ 'ತೆರೆಮರೆಯ' ಫೋಟೊಗಳಲ್ಲಿ ಕೆಲವು ಆಕಸ್ಮಿಕ, ಕೆಲವು ಹೊಂಚಿ ಮಾಡಿದ್ದು. ನೋಡುವಾಗ ಹೇಗೆ ತಿಳಿಯುವುದು? ನಾನು ಮೊದಲು ಬೆಳಕು ನೋಡುತ್ತೇನೆ. ಅನಾಹುತದ ಫೋಟೊದಲ್ಲಿ ನಟಿಯ ಮುಖ ಚೆಂದವಾಗಿ ಬೆಳಗಿದ್ದರೆ, ಯಾರ ಬೆನ್ನೂ ಅಡ್ಡ ಬಂದಿಲ್ಲದಿದ್ದರೆ ಯಾರಿಗೋ ಮೊದಲೇ ಗೊತ್ತಿತ್ತು ಅಂತ ಅನುಮಾನ ಪಡುತ್ತೇನೆ. ಆಮೇಲೆ ಹಿಂದೆ ನಿಂತ ಜನರನ್ನು ನೋಡುತ್ತೇನೆ. ಲೈಟ್ ಬಾಯ್‌ಗಳು, ಬಟ್ಟೆ ಹೊಲಿಯುವವರು, ಟೀ ತಂದವರು ಯಾರೂ ಪೋಸ್ ಕೊಡುವುದಿಲ್ಲ. ಅವರ ಕಣ್ಣು ಎಲ್ಲಿದೆ ಅನ್ನುವುದು ನಿಜ ಹೇಳುತ್ತದೆ.

ಹಾಗಂತ ಪ್ರಚಾರದವರೆಲ್ಲ ಬರೀ ಗುಲ್ಲು ಎಬ್ಬಿಸುವವರು ಅಂದುಕೊಳ್ಳಬೇಡಿ. 1962ರಲ್ಲಿ '8½' ಚಿತ್ರೀಕರಣ ನಡೆಯುವಾಗ ಪತ್ರಿಕಾ ಕೆಲಸಕ್ಕೆ ಸೆಟ್ಟಿನಲ್ಲಿದ್ದ ಡೀನಾ ಬೋಯರ್ ದಿನ ದಿನ ನಡೆದದ್ದನ್ನು ಬರೆದಿಟ್ಟರು. ಫೆಲಿನಿ ಕಥೆಯನ್ನು ಯಾರಿಗೂ ಪೂರ್ತಿ ಹೇಳದೆ ಗುಟ್ಟಾಗಿಟ್ಟಿದ್ದ ಸಿನಿಮಾ ಅದು. ಪ್ರಚಾರಕ್ಕೆಂದು ಬಂದವರ ಟಿಪ್ಪಣಿ ಪುಸ್ತಕವಾಗಿ ಇವತ್ತು ಇತಿಹಾಸಕಾರರಿಗೆ ಆಧಾರ. ಅದೇ ಸಿನಿಮಾದ ಕ್ಯಾಮೆರಾಕ್ಕೆ ಫೆಲಿನಿ ಒಂದು ಚೀಟಿ ಅಂಟಿಸಿಕೊಂಡಿದ್ದರು: ಇದು ಹಾಸ್ಯದ ಸಿನಿಮಾ, ನೆನಪಿರಲಿ ಅಂತ. ಅಷ್ಟು ಗೊಂದಲದ, ಅಷ್ಟು ಭಾರದ ಕೆಲಸದ ನಡುವೆ ತನಗೆ ತಾನೇ ಬರೆದುಕೊಂಡ ಚೀಟಿ. ಇಂಥದ್ದು ನಮಗೆ ತಿಳಿದಿದ್ದೇ ಸೆಟ್ಟಿನಲ್ಲಿ ಕಣ್ಣು ತೆರೆದುಕೊಂಡಿದ್ದವರಿಂದ.

ಈ ಫೋಟೊಗ್ರಾಫರುಗಳಿಗೆ ಸಿಕ್ಕಿದ್ದೇನು? ಬಹಳ ಕಡಿಮೆ. ನೆಗೆಟಿವ್ ಸಾಮಾನ್ಯವಾಗಿ ನಿರ್ಮಾಪಕರ ಪಾಲು. ಇಟಲಿಯ 1941ರ ಕೃತಿಸ್ವಾಮ್ಯ ಕಾನೂನು 'ಕಲಾಕೃತಿ' ಅನ್ನಿಸಿಕೊಳ್ಳದ ಮಾಮೂಲಿ ಫೋಟೊಗೆ ಬರೀ 20 ವರ್ಷದ ರಕ್ಷಣೆ ಕೊಟ್ಟಿತ್ತು. ಕೆಲಸ ಮಾಡಿದವರು ಬದುಕಿರುವಾಗಲೇ ಅವರ ಫೋಟೊ ಯಾರು ಬೇಕಾದರೂ ಅಚ್ಚು ಹಾಕಬಹುದಾದ ಸ್ಥಿತಿ. ಇದು ಅನ್ಯಾಯ ಅಂತಲೇ ನನಗೆ ಅನ್ನಿಸುತ್ತದೆ. ಆಂಜೆಲೊ ನೋವಿ ಅಂತ ಒಬ್ಬರಿದ್ದರು. ಪಸೋಲಿನಿ, ಸೆರ್ಜಿಯೊ ಲಿಯೋನೆ, ಬೆರ್ತೊಲುಚ್ಚಿ ಈ ಮೂವರು ನಿರ್ದೇಶಕರ ಸೆಟ್ಟಿನಲ್ಲೂ ದುಡಿದವರು. ಒಂದು ಇಡೀ ಕಾಲದ ಇಟಾಲಿಯನ್ ಸಿನಿಮಾ ಅವರ ಲೆನ್ಸಿನ ಮುಂದೆ ಹಾದುಹೋಗಿದೆ. ಲಿಯೋನೆಯ 'ದಿ ಗುಡ್, ದಿ ಬ್ಯಾಡ್ ಅಂಡ್ ದಿ ಅಗ್ಲಿ'ಯಲ್ಲಿ ಸನ್ಯಾಸಿಯ ಪುಟ್ಟ ಪಾತ್ರದಲ್ಲಿ ತೆರೆ ಮೇಲೂ ಬಂದಿದ್ದಾರೆ. ಎಷ್ಟು ಜನಕ್ಕೆ ಅವರ ಹೆಸರು ಗೊತ್ತು? ಹೆಂಗಸರೂ ಇದ್ದರು. ಪಸೋಲಿನಿಯ ಕೊನೆಯ ಸಿನಿಮಾ 'ಸಲೊ'ದ ಸ್ಥಿರಚಿತ್ರಣ ಡೆಬೊರಾ ಬಿಯರ್ ಅವರದು. '8½'ರಲ್ಲಿ ನಾಯಕನ ನಾದಿನಿಯ ಪಾತ್ರ ಮಾಡಿದ ಎಲಿಜಬೆತ್ತಾ ಕತಲಾನೊ ಅದೇ ಸೆಟ್ಟಿನಲ್ಲಿ ಫೋಟೊ ತೆಗೆಯತೊಡಗಿ, ಮುಂದೆ ಇಟಲಿಯ ದೊಡ್ಡ ಭಾವಚಿತ್ರ ಫೋಟೊಗ್ರಾಫರುಗಳಲ್ಲಿ ಒಬ್ಬರಾದರು.

ಈಗ ಪರಿಸ್ಥಿತಿ ಸ್ವಲ್ಪ ಸುಧಾರಿಸಿದೆ. ರೋಮಿನ ಚೆಂತ್ರೊ ಸ್ಪೆರಿಮೆಂತಾಲೆ ಅನ್ನುವ ಸಿನಿಮಾ ಶಾಲೆ, ತುರಿನ್ನಿನ ಸಿನಿಮಾ ಮ್ಯೂಸಿಯಂ, ಬೊಲೊನ್ಯಾದ ಚಿನೆತೇಕಾ ಅನ್ನುವ ಸಿನಿಮಾ ಭಂಡಾರ ಇಂಥ ಫೋಟೊಗಳನ್ನು ಸಂಗ್ರಹಿಸಿ ಕಾಪಾಡುತ್ತಿವೆ. ಚೆಸೆನಾ ಅನ್ನುವ ಊರಿನಲ್ಲಿ ಬರೀ ಸ್ಥಿರಚಿತ್ರಣದವರಿಗೇ ಅಂತ 'ಕ್ಲಿಚಾಕ್' ಹೆಸರಿನ ಸ್ಪರ್ಧೆ ಎರಡು ದಶಕಕ್ಕೂ ಹೆಚ್ಚು ಕಾಲದಿಂದ ನಡೆಯುತ್ತಿದೆ. ಇದನ್ನು ಓದಿದಾಗ ನನಗೆ ನಮ್ಮ ಸ್ಥಿರಚಿತ್ರಣದ ಪ್ರಗತಿ ಅಶ್ವತ್ಥ ನಾರಾಯಣ ಅವರ ನೆನಪು ಬಂತು. ಹಳೆಯ ಕನ್ನಡ ಸಿನಿಮಾದ ಸೆಟ್ಟುಗಳು ಹೇಗಿದ್ದವು ಅಂತ ನಾವು ಇವತ್ತು ನೋಡಬಹುದಾದರೆ ಅದಕ್ಕೆ ಅವರಂಥವರು ಜೋಪಾನ ಮಾಡಿದ ಫೋಟೊಗಳೇ ಕಾರಣ.

ಈ ಫೋಟೊಗಳ ಬೆಲೆ ಎಷ್ಟು ಅನ್ನುವುದಕ್ಕೆ '8½'ರ ಕೊನೆಯ ದೃಶ್ಯವೇ ಸಾಕು. ನಾವೆಲ್ಲ ನೋಡಿದ ಕೊನೆ ಅಂದರೆ ವಾದ್ಯದವರು, ಸರ್ಕಸ್ಸಿನ ವೃತ್ತ, ಎಲ್ಲರೂ ಕೈ ಕೈ ಹಿಡಿದು ಸುತ್ತುವುದು. ಅದನ್ನು ಚಿತ್ರಿಸಿದ್ದು ಟ್ರೈಲರಿಗೆಂದು. ಮೊದಲು ಫೆಲಿನಿ ಚಿತ್ರಿಸಿದ್ದ ಕೊನೆ ಬೇರೆ. ರೈಲಿನ ಊಟದ ಬೋಗಿ. ನಾಯಕ ಗೈದೊ ಹೆಂಡತಿಯ ಎದುರು ಕೂತಿದ್ದಾನೆ. ತಲೆ ಎತ್ತಿ ನೋಡಿದರೆ ಬೋಗಿಯ ತುಂಬಾ ಅವನ ಬದುಕಿನ ಜನ, ಬಿಳಿ ಬಟ್ಟೆಯಲ್ಲಿ, ಅವನನ್ನೇ ನೋಡುತ್ತಿದ್ದಾರೆ. ಆ ದೃಶ್ಯವನ್ನು ಫೆಲಿನಿ ಕೈಬಿಟ್ಟರು. ರೀಲು ಈಗ ಇಲ್ಲ.

ಆದರೆ ಆ ದಿನಗಳಲ್ಲಿ ಗಿಡಿಯನ್ ಬಾಖ್‌ಮನ್ ಅನ್ನುವ ಪತ್ರಕರ್ತ ಕ್ಯಾಮೆರಾ ಹಿಡಿದು ಆ ಸೆಟ್ಟಿನಲ್ಲಿದ್ದರು. ಅವರು ತೆಗೆದ ಫೋಟೊಗಳು ಉಳಿದವು. 2003ರಲ್ಲಿ ಆ ಕಳೆದುಹೋದ ಕೊನೆಯ ಬಗ್ಗೆ ಸಾಕ್ಷ್ಯಚಿತ್ರ ಬಂದಾಗ ತೋರಿಸಲು ಇದ್ದದ್ದು ಅವೇ. ಬಿಳಿ ಮೇಜುಬಟ್ಟೆ ಹಾಸಿದ ಊಟದ ಬೋಗಿ, ಬಿಳಿ ಬಟ್ಟೆಯ ನಟರು ತಮ್ಮ ತಮ್ಮ ಜಾಗದಲ್ಲಿ ಕೂತು ಕಾಯುತ್ತಿದ್ದಾರೆ. ರೈಲು ಹೊರಟಿಲ್ಲ.